ಒಂಬತ್ತನೆಯವಳು

ಏಪ್ರಿಲ್ 15, ಮಂಗಳವಾರ

ಮತ್ತೆ ಪ್ರಾಕ್ಟೀಸ್. ಮೊಣಕೈ ತರಚಿದೆ. ಅಮ್ಮನಿಗೆ ಸೈಕಲ್‌ನಿಂದ ಬಿದ್ದೆ ಎಂದೆ. ಗೇಲಿಕ್ ಫುಟ್‌ಬಾಲ್ ಎಂದರೆ ಮೈಸೂರಿನಲ್ಲಿ ಯಾರಿಗೆ ಅರ್ಥವಾಗಬೇಕು? ಐರಿಷ್‌ನವರ ಆಟ. ಕೈಯಲ್ಲಿ ಹಿಡಿಯಬಹುದು, ಕಾಲಲ್ಲಿ ಒದೆಯಬಹುದು, ಮೈಮೇಲೂ ಬೀಳಬಹುದು. ಗೋಲ್‌ಕಂಬ ಇಂಗ್ಲಿಷಿನ ಎಚ್ ಅಕ್ಷರ. ಅಡ್ಡಕಂಬದ ಮೇಲೆ ಹೋದರೆ ಒಂದು ಪಾಯಿಂಟು, ಕೆಳಗೆ ಬಲೆಗೆ ಬಿದ್ದರೆ ಮೂರು. ಕೆಳಗೆ ಕಾಯುವವಳು ನಾನು.

ತಪ್ಪು ನನ್ನದೇ. ಇಲ್ಲಿ ಲೈಡನ್‌ನ ಲ್ಯಾಬಿನಲ್ಲಿ, ಕಾಫಿ ಮಷಿನ್ ಹತ್ತಿರ, ಐರಿಷ್ ಬಾಸ್ ಶಿವಾನ್ ತನ್ನ ತಂಡಕ್ಕೆ ಕರೆದಳು. ಸ್ಕೂಲಿನಲ್ಲಿ ಥ್ರೋಬಾಲ್ ಆಡಿದ್ದೇನೆ ಎಂದು ಕೊಚ್ಚಿಕೊಂಡಿದ್ದೆನಲ್ಲ! ‘ಐ ವಿಲ್ ಟ್ರೈ’ ಎಂದೆ. ನಮ್ಮ ಕಡೆ ‘ನೋಡೋಣ, ಟ್ರೈ ಮಾಡ್ತೀನಿ’ ಎಂದರೆ ಬರುವುದಿಲ್ಲ ಎಂದೇ ಅರ್ಥ. ಅವಳು ಅದೇ ಸಂಜೆ ನನ್ನ ಹೆಸರಿನ ಜೆರ್ಸಿ ಆರ್ಡರ್ ಮಾಡಿದಳು.

ಈಗ ಇಲ್ಲ ಎನ್ನುವಂತಿಲ್ಲ. ಆಗಸ್ಟ್‌ಗೆ ಕಾಂಟ್ರ್ಯಾಕ್ಟ್ ಮುಗಿಯುತ್ತದೆ. ಮುಂದುವರಿಸುವ ಸಹಿ ಅವಳದು. ಸಹಿ ಬೀಳದಿದ್ದರೆ ಈ ದೇಶದಲ್ಲಿರುವ ನನ್ನ ಪರ್ಮಿಟ್ ಹೋಗುತ್ತದೆ, ಅದರ ಹಿಂದೆಯೇ ಗಂಡ ಸುಜಯ್‌ನದೂ.

ಏಪ್ರಿಲ್ 23

ಅಮ್ಮ ಫೋನಿನಲ್ಲಿ, “ಯಾರೇ ಅದು ಶಿವಮ್ಮ? ಯಾವಾಗ್ ನೋಡಿದ್ರೂ ಅವಳ ಹೆಸರೇ.” ಬಾಸ್ ಎಂದೆ. “ಹಂಗಾದ್ರೆ ಹೊಂದ್ಕೊಂಡ್ ಹೋಗು.” ಹೊಂದಿಕೊಂಡೇ ಮೈಯೆಲ್ಲ ನೀಲಿಗಟ್ಟಿದೆ.

ಮೇ 6, ಬೆಳಿಗ್ಗೆ 6.40

ಎರಡು ಗೆರೆ.

ತಂದಿಟ್ಟಿದ್ದ ಇನ್ನೊಂದು ಕಿಟ್‌ನಲ್ಲೂ ನೋಡಿದೆ. ಎರಡೇ. ಸುಜಯ್ ಬಾತ್‌ರೂಮಿನ ನೆಲದಲ್ಲಿ ಕುಳಿತುಬಿಟ್ಟ.

ಈ ಸಲ ಮೂರು ತಿಂಗಳು ತುಂಬುವವರೆಗೆ ಯಾರಿಗೂ ಇಲ್ಲ. ಅಮ್ಮನಿಗೂ ಇಲ್ಲ. ಹಿಂದಿನ ಸಲ ಏಳನೇ ವಾರಕ್ಕೇ ಹೇಳಿದೆ. ಬೀದಿಗೆಲ್ಲ ಗೊತ್ತಾಯಿತು. ಒಂಬತ್ತನೇ ವಾರಕ್ಕೆ ಹೋಯಿತು. ಆಮೇಲೆ ಒಬ್ಬೊಬ್ಬರಿಗೂ ನಾನೇ ಸಮಾಧಾನ ಹೇಳಬೇಕಾಯಿತು. ಅದು ಇನ್ನೊಮ್ಮೆ ನನ್ನಿಂದಾಗದು.

ಸಂಜೆ ಪ್ರಾಕ್ಟೀಸ್ ಇದೆ. ಮೊಣಕಾಲು ನೋವು ಎಂದು ಮೆಸೇಜ್ ಹಾಕಿದೆ.

ಮೇ 21

ಇಲ್ಲಿ ಡಚ್ ಭಾಷೆಯಲ್ಲಿ ಸೂಲಗಿತ್ತಿಗೆ ‘ಫರ್ಲೋಸ್‌ಕುಂಡಿಗೆ’ ಎನ್ನುತ್ತಾರೆ. ಸುಜಯ್‌ಗೆ ಆ ಪದ ಕೇಳಿದರೇ ನಗು. ಇವತ್ತು ತೋರಿಸಲು ಹೋದಾಗ ಅವಳ ಎದುರೇ ಕಿಸಕ್ಕೆಂದ, ತೊಡೆ ಚಿವುಟಿದೆ. ನಡೆಯಬಹುದು, ಈಜಬಹುದು ಎಂದಳು. ಗೇಲಿಕ್ ಫುಟ್‌ಬಾಲ್? ಕನ್ನಡಕ ತೆಗೆದು ನನ್ನನ್ನೇ ನೋಡಿದಳು. ಬೇಡ.

ಶಿವಾನ್ ನನ್ನ ಮೊಣಕಾಲಿಗೆ ಬ್ಯಾಂಡೇಜ್ ತಂದುಕೊಟ್ಟಳು. ತನ್ನ ಫಿಸಿಯೋ ಹತ್ತಿರ ಅಪಾಯಿಂಟ್‌ಮೆಂಟ್ ಕೂಡ. ಬೈದಿದ್ದರೆ ಎಷ್ಟೋ ಸುಲಭವಿತ್ತು.

ಜೂನ್ 10

ಮೂರು ವಾರ ಏನೂ ಬರೆದಿಲ್ಲ. ಬರೆದಿದ್ದರೂ ಒಂದೇ ಸಾಲು — ಇವತ್ತೂ ಇದೆ.

ಒಂಬತ್ತನೇ ವಾರ ದಾಟಿತು! ಖುಷಿಪಡಲೂ ಭಯ.

ಶನಿವಾರ ಆಮರ್ಸ್‌ಫೋರ್ಟ್‌ನಲ್ಲಿ ಇಲ್ಲಿನ ಮೂರು ದೇಶಗಳ ಬೆನೆಲಕ್ಸ್ ಕಪ್ಪಿನ ಸೆಮಿಫೈನಲ್. ಗೆದ್ದರೆ ಫೈನಲ್. ಒಬ್ಬಳ ಕಾಲು ಮುರಿದಿದೆ, ಇಬ್ಬರು ರಜೆಯಲ್ಲಿ. ಉಳಿದವರು ಸರಿಯಾಗಿ ಒಂಬತ್ತು. ಒಬ್ಬಳು ಕಡಿಮೆಯಾದರೂ ಆಡದೆಯೇ ಸೋಲು. ಗೋಲಿಗೆ ‘ಮೈಥಿಲಿ’ ಎಂದು ಶಿವಾನ್ ಗ್ರೂಪಿನಲ್ಲಿ ನನ್ನ ಹೆಸರು ಹಾಕಿದ್ದಾಳೆ. ಮೊಣಕಾಲು ಚೆನ್ನಾಗಿದೆ ಎಂದು ಫಿಸಿಯೋ ಅವಳಿಗೆ ಹೇಳಿದನಂತೆ. ಇರದೇ ಏನು.

“ಹೇಳ್ಬಿಡೇ. ಇದೇನ್ ಕೊಲೆ ಕೇಸಾ?” ಎಂದ ಸುಜಯ್.

“ಕಾಂಟ್ರ್ಯಾಕ್ಟ್ ಕೊಡೋಕ್ ಮುಂಚೆ, ಆರು ತಿಂಗಳಲ್ಲಿ ರಜಾ ಹೋಗ್ತೀನಿ ಅಂತ ಹೇಳ್ಲಾ?”

“ಅದಕ್ಕೆ ಬೇಡ ಅನ್ನೋ ಹಾಗಿಲ್ಲ ಇಲ್ಲಿ. ಕಾನೂನಿದೆ.”

“ಕಾರಣ ಬೇರೆ ಬರೀತಾರೆ.”

ಶಿವಾನ್ ಅಂಥವಳಲ್ಲ, ನನಗೂ ಗೊತ್ತು. ಆದರೆ ಹಿಂದಿನ ಸಲವೂ ಏನೂ ಆಗುವುದಿಲ್ಲ ಎಂದೇ ಅಂದುಕೊಂಡಿದ್ದೆ.

ಜೂನ್ 14, ಶನಿವಾರ, ಬೆಳಿಗ್ಗೆ 10.50

ಮೈದಾನದ ಟಾಯ್ಲೆಟ್. ಚಿಲಕ ಹಾಕಿಕೊಂಡಿದ್ದೇನೆ. ಜೆರ್ಸಿ ಹಾಕಿಯಾಗಿದೆ. ನಿನ್ನೆ ಜ್ವರ ಎನ್ನಬಹುದಿತ್ತು, ಬಾಯಿ ಬರಲಿಲ್ಲ. ಸುಮ್ಮನೆ ಗೋಲಿನಲ್ಲಿ ನಿಲ್ಲುತ್ತೇನೆ, ಬಾಲ್ ಬಂದರೆ ಪಕ್ಕಕ್ಕೆ ಸರಿಯುತ್ತೇನೆ — ಹೀಗೆಲ್ಲ ಯೋಚಿಸುತ್ತಿದ್ದೇನೆ. ಬಂದರೆ ಹಿಡಿಯದೇ ಇರಲಾರೆ, ಅದೇ ಭಯ. ಹೊರಗೆ ಫ್ಲೋರ್ ಬಾಗಿಲು ಬಡಿಯುತ್ತಿದ್ದಾಳೆ. ಡಚ್ ಹುಡುಗಿ, ಎಲ್ಲರಿಗಿಂತ ಹೆಚ್ಚು ಹುಚ್ಚು ಅವಳಿಗೇ. “ಮೈಥಿಲಿ, ಕಮ್, ಕಮ್!”

ಮಧ್ಯಾಹ್ನ 12.30

ರೆಫರಿ ಸಾಲಾಗಿ ನಿಲ್ಲಿಸಿ ಎಣಿಸಿದ. “ನೈನ್.”

“ಎಯ್ಟ್” ಎಂದುಬಿಟ್ಟೆ.

ಎಲ್ಲರೂ ತಿರುಗಿದರು. ಮೊಣಕಾಲಾ ಎಂದಳು ಶಿವಾನ್. ಅಲ್ಲ ಎಂದೆ. ಮೊಣಕಾಲಿಗೆ ಏನೂ ಆಗಿರಲಿಲ್ಲ, ಸುಳ್ಳು ಹೇಳಿದ್ದೆ, ನಾನು ಬಸುರಿ, ಹತ್ತು ವಾರ ಎಂದೆ. ಒಂದೇ ಉಸಿರಿನಲ್ಲಿ. ಅಮ್ಮನಿಗೂ ಹೇಳದ್ದನ್ನು ಮೈದಾನದ ತುಂಬ ಹೇಳಿದೆ. ಎದುರು ತಂಡದವರು ಚಪ್ಪಾಳೆ ತಟ್ಟಿದರು. ಫ್ಲೋರ್ ಹುಲ್ಲಿನ ಮೇಲೆ ಕುಳಿತು ಅತ್ತಳು. ಅದು ನನಗಾಗಿ ಅಲ್ಲ, ಕಪ್ಪಿಗಾಗಿ. ಅಳಲಿ ಪಾಪ.

ಶಿವಾನ್ ಅಪ್ಪಿಕೊಂಡಳು. ಈಗ ಅವಳ ಕಾರಿನಲ್ಲೇ ಲೈಡನ್‌ಗೆ ವಾಪಸ್. ಹಿಂದಿನ ಸೀಟು. ಅರ್ಧ ದಾರಿಯಾದ ಮೇಲೆ ಕನ್ನಡಿಯಲ್ಲಿ ನೋಡಿ, “ಯಾವಾಗ?” ಎಂದಳು.

ಬಾಸ್ ಕೇಳಿದಳೋ, ಗೆಳತಿ ಕೇಳಿದಳೋ ತಿಳಿಯಲಿಲ್ಲ. ಹೆರಿಗೆಯ ದಿನಾಂಕವನ್ನು ಸೂಲಗಿತ್ತಿ ಚೀಟಿಯಲ್ಲಿ ಬರೆದುಕೊಟ್ಟಿದ್ದಾಳೆ. ನಾನು ಒಮ್ಮೆಯೂ ಬಾಯಿಬಿಟ್ಟು ಹೇಳಿಲ್ಲ, ಇಲ್ಲಿಯೂ ಬರೆದಿಲ್ಲ. ಬರೆದರೆ ಎಲ್ಲಿ ಕಾಯುವ ಹಾಗಾಗುತ್ತದೋ ಎಂದು. ಅವಳು ಇನ್ನೂ ಕನ್ನಡಿಯಲ್ಲಿ ನೋಡುತ್ತಿದ್ದಾಳೆ. ಹೇಳುತ್ತೇನೆ. ಮೊದಲು ಇಲ್ಲಿ ಬರೆಯುತ್ತೇನೆ. ಜನವರಿ —