ಕಾಣದ ಕಾಡಿಗೆ ಇಟ್ಟ ಹೆಸರು

ಸ್ಯಾನ್ ಹೊಸೆ
೧೪ ಅಕ್ಟೋಬರ್ ೧೯೮೬

ಪ್ರೀತಿಯ ಶೈಲಜಕ್ಕನಿಗೆ ಪದ್ಮಜಾಳ ನಮಸ್ಕಾರಗಳು.

ನಿನ್ನ ಮೂರು ಕಾಗದಕ್ಕೂ ಉತ್ತರ ಬರೆಯದ ನನ್ನನ್ನು ಎಷ್ಟು ಬೈದರೂ ಕಡಿಮೆಯೇ. ಬೈದುಕೊಂಡೇ ಓದು, ಯಾಕೆಂದರೆ ಗೆದ್ದಿದ್ದೇನೆ ಕಣೇ ಅಕ್ಕಾ!

ರೆಡ್‌ವುಡ್ ಸಿಟಿಯ ಆಫೀಸಿನಲ್ಲಿ ಆಸ್ಟ್ರೇಲಿಯಾದ ಸಸ್ಯವರ್ಗದ ನಕ್ಷೆ ಮಾಡುತ್ತಿದ್ದೇವೆ. ಅಲ್ಲಿನ ವಿಂಗಡಣೆಯಲ್ಲಿ ಮೊದಲು ಮರದ ಹೆಸರು ಕೇಳುವುದಿಲ್ಲ. ಮೇಲಿನ ಸ್ತರದ ಗಿಡಗಳು ಎಷ್ಟು ಎತ್ತರ, ಅವುಗಳ ಎಲೆ ನೆಲವನ್ನು ಎಷ್ಟು ಮುಚ್ಚಿದೆ, ಅದೇ ಮುಖ್ಯ. ನಮ್ಮ ನೀಲಗಿರಿ ಮರದ ಬಳಗವೇ ಒಂದು ಕಡೆ ಎತ್ತರದ ಕಾಡು, ಇನ್ನೊಂದು ಕಡೆ ಬಿಡಿಬಿಡಿ ಮರಗಳ ವಿರಳ ಕಾಡು, ಮತ್ತೊಂದು ಕಡೆ ಬರೀ ಪೊದೆ. ಒಂದೇ ಬುಡದಿಂದ ಹಲವು ಕಾಂಡ ಏಳುವ ಆ ಪೊದೆಗೆ ಮ್ಯಾಲಿ ಎನ್ನುತ್ತಾರೆ. ಒಣಗಿದ ನಡುಭಾಗದಲ್ಲಂತೂ ಮುಳ್ಳುಹುಲ್ಲಿನ ಗುಪ್ಪೆಗಳೇ.

ದಕ್ಷಿಣದ ಒಂದು ತುಂಡಿಗೆ ನಮ್ಮ ಬಾಸು ಹಾಲ್ಬರ್ಗ್ ವಿರಳ ಕಾಡಿನ ಬಣ್ಣ ಹಾಕಿಸಿದರು. ಅಲ್ಲಿಂದ ಬಂದ ಫೋಟೋ ನೋಡಿದರೆ ಒಂದೇ ಬುಡದಿಂದ ಐದಾರು ಕಾಂಡ! ಕಡಿದ ನೀಲಗಿರಿ ಮೋಟಿನಿಂದ ಚಿಗುರುತ್ತದಲ್ಲ, ಹಾಗೆ. ಇದು ಮ್ಯಾಲಿ ಎಂದೆ. ಯಾರೋ ಕಡಿದಿರಬೇಕು ಎಂದರು. ನೂರು ಮೈಲಿ ಉದ್ದಕ್ಕೂ ಯಾರು ಸ್ವಾಮಿ ಕಡಿಯುತ್ತಾರೆ ಎಂದು ಇಂಗ್ಲಿಷಿನಲ್ಲೇ ಜಗಳಕ್ಕೆ ನಿಂತೆ. ಕೊನೆಗೆ ಒಪ್ಪಂದವಾಯಿತು: ಆಸ್ಟ್ರೇಲಿಯಾಕ್ಕೇ ಬರೆದು ಕೇಳುವುದು; ನನ್ನದು ತಪ್ಪಾದರೆ ಫೈಲು ಜೋಡಿಸುವ ಕೆಲಸ, ಸರಿಯಾದರೆ ನಕ್ಷೆಯ ಮೇಲೆ ನನ್ನ ಹೆಸರು.

"ಕಾಡು ನೋಡ್ದೇನೇ ಕಾಡಿಗೋಸ್ಕರ ಜಗಳ ಆಡ್ತೀಯಲ್ಲೇ, ಭಲೇ!" ಎಂದು ನಮ್ಮನೆಯವರು ಆರು ವಾರ ರೇಗಿಸಿದರು. ನನಗೆ ಅನ್ನ ಸೇರುತ್ತಿರಲಿಲ್ಲ. ಕಡೆಗೆ ಅಲ್ಲಿಯ ಅರಣ್ಯಾಧಿಕಾರಿ ಸ್ಥಳಕ್ಕೇ ಹೋಗಿ ಅಳೆದು ಬರೆದರು: ಎತ್ತರ ಐದು ಮೀಟರು, ಕೊಡಲಿ ಬಿದ್ದ ಗುರುತಿಲ್ಲ, ಮ್ಯಾಲಿಯೇ!

ಶುಕ್ರವಾರ ಅಚ್ಚಾದ ಹಾಳೆಯನ್ನು ಹಾಲ್ಬರ್ಗ್ ತಾವೇ ನನ್ನ ಮೇಜಿಗೆ ತಂದುಕೊಟ್ಟರು. ಮೂಲೆಯಲ್ಲಿ ಅವರ ಹೆಸರಿನ ಪಕ್ಕ ನನ್ನ ಹೆಸರು! ಮನೆಗೆ ತಂದು ತೋರಿಸಿದರೆ ಮಗಳು "ಅಮ್ಮಾ, ದಟ್ಸ್ ಯೂ!" ಎಂದು ಕಿರುಚಿದಳು. ಕೇಸರಿಬಾತು ಮಾಡಿ ಆಫೀಸಿಗೆಲ್ಲ ಹಂಚಿದೆ. ಮೇಜು ಹತ್ತಿ ಕುಣಿಯುವುದೊಂದು ಬಾಕಿ.

ಭಾವನವರಿಗೆ ನಮಸ್ಕಾರ, ಮಕ್ಕಳಿಗೆ ಮುದ್ದು. ನಿನ್ನ ಆಶೀರ್ವಾದ ನನ್ನ ಮೇಲಿರಲಿ.

ನಿನ್ನ ತಂಗಿ,
ಪದ್ಮಜಾ

ತಾ.ಕ.: ಹನ್ನೆರಡು ವರ್ಷದಿಂದ ಒಂದು ಮಾತು ಗಂಟಲಲ್ಲೇ ಉಳಿದಿದೆ. ಬಿ.ಎಸ್ಸಿ.ಯಲ್ಲಿ ನನಗೆ ಪದಕ ಕೊಡಿಸಿದ ಒತ್ತಿ ಒಣಗಿಸಿದ ಗಿಡಗಳ ಹಾಳೆಗಳು ನಿನ್ನವು. ಅಪ್ಪ ನಿನ್ನನ್ನು ಕಾಲೇಜು ಬಿಡಿಸಿ ಮದುವೆ ಮಾಡಿದ ಮೇಲೆ ಅಟ್ಟದಿಂದ ಇಳಿಸಿ, ನಿನ್ನ ಹೆಸರಿನ ಮೇಲೆ ನನ್ನ ಚೀಟಿ ಅಂಟಿಸಿದೆ. ಸೀನಿಯರುಗಳ ಹಾಳೆಯನ್ನು ಎಲ್ಲರೂ ಹೀಗೇ ತಮ್ಮದೆಂದು ದಾಟಿಸುತ್ತಾರೆ ಎಂದು ಸಮಾಧಾನ ಹೇಳಿಕೊಂಡೆ. ಪದಕ ತಂದ ದಿನ ಬಾಗಿಲಲ್ಲಿ ನಿಲ್ಲಿಸಿ, ತವರಿಗೆ ಬಂದಿದ್ದ ನೀನೇ ನನಗೆ ಆರತಿ ಎತ್ತಿದೆ. ನಿನಗೆ ಆಗಲೇ ಗೊತ್ತಿತ್ತೇನೇ ಅಕ್ಕಾ?