ಕಣವೋ, ಸೈಟೋ?

ಉತ್ತರಹಳ್ಳಿ
೨೨-೧-೧೯೭೯

ಪ್ರೀತಿಯ ಯಲ್ಲಣ್ಣನಿಗೆ ತಂಗಿ ಪಂಕಜಾಳ ನಮಸ್ಕಾರಗಳು.

ಹೇಗಿದ್ದೀಯ? ಝಾನ್ಸಿಯಲ್ಲಿ ಚಳಿ ಮೂಳೆ ಕೊರೆಯುತ್ತದೆ ಎಂದು ಬರೆದಿದ್ದೆಯಲ್ಲ, ಅಂದಿನಿಂದ ಅವ್ವ ಊಟಕ್ಕೆ ಕೂತಾಗಲೆಲ್ಲ ನಿನ್ನ ಹೊದಿಕೆಯದೇ ಚಿಂತೆ ಮಾಡುತ್ತಾಳೆ. ಮಿಲಿಟರಿಯವರು ಕಂಬಳಿ ಕೊಡುತ್ತಾರೆ ಎಂದರೂ ನಂಬುವುದಿಲ್ಲ. ಇಲ್ಲಿ ನಾವೆಲ್ಲ ಚೆನ್ನಾಗಿದ್ದೇವೆ. ಅಜ್ಜಿಗೆ ಮಂಡಿನೋವು, ಆದರೆ ಬಾಯಿ ಮೊದಲಿನಷ್ಟೇ ಜೋರು. ನಾನು ಜಯನಗರದ ಕಾಲೇಜಿಗೆ ದಿನಾ ಬಸ್ಸಿನಲ್ಲಿ ನಿಂತುಕೊಂಡೇ ಹೋಗುತ್ತೇನೆ. ಸೀಟು ಸಿಕ್ಕ ದಿನ ನನಗೆ ಹಬ್ಬ.

ಈಗ ಸಂಗತಿಗೆ ಬರುತ್ತೇನೆ. ನಮ್ಮ ಒಂದು ಎಕರೆ ಹತ್ತು ಗುಂಟೆಗೆ ನಗರ ಭೂಮಿತಿ ಕಾಯ್ದೆಯ ನೋಟೀಸು ಬಂದಿದೆ. ಅದು ಬೇಸಾಯದ ಜಮೀನಲ್ಲವಂತೆ, ಪಟ್ಟಣದ ಖಾಲಿ ಜಾಗವಂತೆ! ಹಾಗೆಂದು ತೀರ್ಮಾನವಾದರೆ ಹತ್ತು ಗುಂಟೆ ನಮಗೆ ಬಿಟ್ಟು ಪೂರಾ ಎಕರೆಯನ್ನು ಸರ್ಕಾರ ತೆಗೆದುಕೊಳ್ಳುತ್ತದಂತೆ. ತಾತ ಊರಿನ ತೋಟಿ ಕೆಲಸ ಮಾಡಿ ಪಡೆದ ಹೊಲ. ಅದು ಬಿಟ್ಟರೆ ನಮಗೆ ಬೇರೆ ಮಣ್ಣಿಲ್ಲ. ಪಹಣಿಯಲ್ಲಿ ವರ್ಷ ವರ್ಷವೂ ರಾಗಿ ಎಂದೇ ಬರೆದಿದೆ. ಪಕ್ಕದ ಪಿಳ್ಳಪ್ಪಮಾವನ ಹೊಲ ಮೂರು ವರ್ಷದಿಂದ ಬೀಳು ಬಿದ್ದಿದೆ, ಅವರಿಗೆ ನೋಟೀಸಿಲ್ಲ. ಊರೆಲ್ಲ ಬಿಟ್ಟು ನಮ್ಮದೇ ಯಾಕೆ ಅವರ ಕಣ್ಣಿಗೆ ಬಿತ್ತು? ತಲೆಯಲ್ಲಿ ಹುಳ ಬಿಟ್ಟಂತಾಗಿ ನನಗೆ ಓದಲು ಕೂತರೂ ಅದೇ ಯೋಚನೆ.

ಹೋದ ಬುಧವಾರ ಒಬ್ಬ ಆಫೀಸರು ಜಮೀನು ನೋಡಲು ಬಂದರು. ದೊಡ್ಡವರು ಬರುತ್ತಾರೆಂದು ಅಪ್ಪ ಮಾಡಿದ ಕೆಲಸ ಕೇಳು. ರಾಗಿ ಮೆದೆಯನ್ನೆಲ್ಲ ಹೊತ್ತು ಮನೆಯ ಹಿತ್ತಲಿಗೆ ಸಾಗಿಸಿದ. ಕಣವನ್ನು ಮತ್ತೊಮ್ಮೆ ಸಗಣಿ ಹಾಕಿ ಸಾರಿಸಿ, ಸುತ್ತಲಿನ ಕೂಳೆ ಕಿತ್ತು ಗುಡಿಸಿ, ಮೂಲೆಯಲ್ಲಿ ಬೆನಕನನ್ನಿಟ್ಟು ಗರಿಕೆ ಸಿಕ್ಕಿಸಿ, ನಡುವೆ ಎರಡು ಕುರ್ಚಿ ಬೇರೆ ಹಾಕಿದ. ಆಫೀಸರು ನೋಡಿದ್ದೇ, ‘ಏನ್ರೀ, ಸೈಟ್ ಮಟ್ಟ ಮಾಡ್ಸಿ ರೆಡಿ ಇಟ್ಟಿದ್ದೀರ!’ ಅಂದರು. ‘ಕಣ ಸ್ವಾಮಿ, ರಾಗಿ ಬಡಿಯೋ ಜಾಗ’ ಎಂದು ಅಪ್ಪ, ‘ರಾಗಿ ಎಲ್ರೀ?’ ಎಂದು ಅವರು. ರಾಗಿ ಹಿತ್ತಲಲ್ಲಿ! ಅಷ್ಟರಲ್ಲಿ ಅಜ್ಜಿ ‘ಕಣಕ್ಕೆ ಮೆಟ್ಟು ಹಾಕ್ಕಂಡು ಬರಬಾರ್ದು, ಬುಟ್ಟು ಬಾ ಸಾಮಿ’ ಎಂದು ಅಡ್ಡ ನಿಂತಳು. ಪಾಪ, ಅವರು ಬೂಟಿನ ಲೇಸು ಬಿಚ್ಚಿ ಒಳಗೆ ಬಂದು, ಬೆನಕನನ್ನು ನೋಡಿ, ಏನೋ ಬರೆದುಕೊಂಡರು. ನಾನು ಹಿಂದಿನಿಂದ ಇಣುಕಿದೆ. ‘ಸಮತಟ್ಟಾದ ಖಾಲಿ ಜಾಗ. ಬೆಳೆ ಇಲ್ಲ. ಮೂಲೆಯಲ್ಲಿ ಪೂಜಾಸ್ಥಳ.’ ಮೊದಲು ನಗು ಬಂತು, ಆಮೇಲೆ ಭಯವಾಯಿತು.

ಅಪ್ಪ ಅಂದಿನಿಂದ ಸರಿಯಾಗಿ ಊಟ ಮಾಡಿಲ್ಲ. ‘ಕೈಯಾರ ನಾನೇ ಹೊಲ ಕಳ್ಕಂಡೆ’ ಎಂದು ಒಬ್ಬನೇ ಗೊಣಗುತ್ತಾನೆ. ಮೆದೆಯನ್ನು ಮತ್ತೆ ಕಣಕ್ಕೆ ಹೊತ್ತು ತಂದಿದ್ದಾನೆ. ಫೆಬ್ರವರಿ ಹನ್ನೆರಡಕ್ಕೆ ವಿಚಾರಣೆ. ಅಲ್ಲಿಯವರೆಗೆ ರಾಗಿ ಬಡಿಯುವುದಿಲ್ಲವಂತೆ, ಯಾರಾದರೂ ಮತ್ತೆ ನೋಡಲು ಬಂದರೆ ಕಾಣಲಿ ಅಂತ.

ಅಪ್ಪ ಅವ್ವನ ಆಶೀರ್ವಾದ. ಅಜ್ಜಿ ನಿನ್ನ ತಲೆ ಸವರಿ ಲಟಿಗೆ ಮುರಿದಳೆಂದು ತಿಳಿದುಕೋ.

ನಿನ್ನ ತಂಗಿ,
ಪಂಕಜಾ

ತಾ.ಕ.: ಮೇಲಿನದನ್ನು ಎಲ್ಲರಿಗೂ ಓದಿ ಹೇಳಿದ್ದೇನೆ. ಇದನ್ನು ಬಸ್ ಸ್ಟಾಪಿನಲ್ಲಿ ನಿಂತು ಬರೆಯುತ್ತಿದ್ದೇನೆ. ತಡೆಯಲಾರದೆ ಶನಿವಾರ ಕಾಲೇಜು ತಪ್ಪಿಸಿ ನೋಟೀಸು ಕಳಿಸಿದ ಆಫೀಸಿಗೆ ಹೋಗಿ ನಮ್ಮ ಫೈಲು ನೋಡಿದೆ. ಮೊದಲ ಹಾಳೆಯೇ ಒಂದು ಅರ್ಜಿ: ‘ಈ ಜಮೀನಿನಲ್ಲಿ ಬೇಸಾಯ ನಿಂತು ಆರು ವರ್ಷವಾಗಿದೆ, ಸೈಟು ಮಾಡಲು ಅಪ್ಪಣೆ ಕೊಡಬೇಕು.’ ಕೆಳಗೆ ಅಪ್ಪನ ಹೆಬ್ಬೆಟ್ಟು. ಅಕ್ಷರ ನಿನ್ನದು, ಅಣ್ಣ. ತಾರೀಕು ನೀನು ರಜೆಗೆ ಬಂದಿದ್ದ ವಾರದ್ದು. ಬಾವಿ ತೋಡಿಸುವ ಸಾಲದ ಕಾಗದ ಎಂದು ಅಪ್ಪನ ಕೈಲಿ ಒತ್ತಿಸಿಕೊಂಡೆಯಲ್ಲ, ಅದು ಇದೇ ಏನು? ಯಾಕಣ್ಣ ಹೀಗೆ ಮಾಡಿದೆ? ನನಗೆ ಕೋಪ ಬಂತು, ಅಳುವೂ ಬಂತು. ಸಗಣಿ ಸಾರಿಸಿದ್ದೇ ತಪ್ಪಾಯಿತು ಎಂದು ಅಪ್ಪ ಇನ್ನೂ ತನ್ನನ್ನೇ ಬೈದುಕೊಳ್ಳುತ್ತಿದ್ದಾನೆ. ಹನ್ನೆರಡನೇ ತಾರೀಕು ಆ ಅರ್ಜಿಯನ್ನು ಅವನ ಎದುರೇ ಓದುತ್ತಾರೆ. ಅದರಲ್ಲಿರುವುದು ಸುಳ್ಳು, ಅಪ್ಪನಿಗೆ ಗೊತ್ತಿಲ್ಲದೆ ಬರೆದದ್ದು ಎಂದು ನೀನು ಆಫೀಸಿಗೆ ಬರೆದು ಕಳಿಸಿದರೆ ಮಾತ್ರ ಹೊಲ ಉಳಿದೀತು. ಅದಕ್ಕೂ ಮೊದಲು ಅಪ್ಪನಿಗೊಂದು ಕಾಗದ ಬರೆ. ಓದಿ ಹೇಳುವವಳು ನಾನೇ.