ಕೊನೆಯ ಹನ್ನೆರಡು ಪುಟ

೧೪ನೇ ತಾರೀಖು, ಗುರುವಾರ ಮಧ್ಯಾಹ್ನ

ಪ್ರಿಯ ಒತ್ತಕ್ಷರ,

ಒಂಬತ್ತು ವರ್ಷದ ಮೇಲೆ ಈ ಅಡ್ಡಹೆಸರು ಹಿಡಿದು ಕರೆಯುತ್ತಿದ್ದೇನೆ. ಬೇರೆಯಾದ ಹೆಂಡತಿಯ ಕಾಗದ, ವಕೀಲರ ಮಾತೇ ಇರಬೇಕು ಎಂದು ಹೆದರಬೇಡ. ಹೆದರಿರುವವಳು ನಾನು. ಬೆಳಗಿನಿಂದ ಮೂರು ಸಲ ಕಾಫಿ ಮಾಡಿ ಮೂರು ಸಲವೂ ಆರಲು ಬಿಟ್ಟಿದ್ದೇನೆ.

ನಮ್ಮ ನಿರ್ದೇಶಕರ, ಅದೇ ದೊಡ್ಡವರ, ಮಗಳು ಅಪ್ಪನ ಕೊನೆಯ ಚಿತ್ರಕಥೆಯನ್ನು ಪುಸ್ತಕ ಮಾಡಿಸುತ್ತಿದ್ದಾಳೆ, ಅದೂ ನಿಮ್ಮ ಮುದ್ರಣಾಲಯದಲ್ಲೇ. ಸೋಮವಾರ ಕರಡು ತಿದ್ದಲು ನಿನ್ನ ಮೇಜಿಗೆ ಬರುತ್ತದಂತೆ. ಮುನ್ನುಡಿ ನನ್ನದಂತೆ. ಅದಕ್ಕೆಂದು ಅವರ ಕೈಬರಹದ ಮೂಲವನ್ನೂ ನಾವು ಒಪ್ಪಿಸಿದ್ದ ಶುದ್ಧಪ್ರತಿಯನ್ನೂ ಜೆರಾಕ್ಸ್ ಮಾಡಿಸಿ ಕಳಿಸಿದ್ದಾಳೆ. ಎರಡರ ಕೊನೆಯ ಪುಟದ ಫೋಟೊ ಎದುರುಬದುರು ಅಚ್ಚಾಗುತ್ತದೆ, "ನಿಮ್ಮ ಮೊದಲ ತಿದ್ದುಪಡಿ ಜನ ನೋಡಲಿ" ಎಂದು ನನಗೆ ಬರೆದಿದ್ದಾಳೆ.

ನಿನಗೆ ಗೊತ್ತಿದ್ದದ್ದೇ, ಆದರೂ ಒಂದು ಸಲ ನಾನೇ ನನ್ನ ಕೈಯಾರೆ ಬರೆಯುತ್ತೇನೆ. ಆಗ ನಾನು ದೊಡ್ಡವರ ಕಾಗೆ ಕಾಲು ಗುಬ್ಬಿ ಕಾಲು ಅಕ್ಷರವನ್ನು ದುಂಡಗೆ ನಕಲು ಮಾಡಿಕೊಡುವವಳು, ಅಷ್ಟೆ. ಆ ವಾರ ಜ್ವರವೆಂದು ಮಲಗಿದ್ದೆ. ಕೊನೆಯ ಹನ್ನೆರಡು ಪುಟ ನೀನು ಬರೆದುಕೊಟ್ಟೆ. "ಬಾಗಿಲು ತೆರೆಯುತ್ತದೆ. ಅವಳು. ಮಗು." ಎಂದು ಮೂಲದಲ್ಲಿದೆ. ನಿನ್ನ ಕೈ ಜಾರಿ, ಮಗು ಹೋಗಿ ನಗು ಆಯಿತು. ಊರವರ ಒತ್ತಕ್ಷರವನ್ನೆಲ್ಲ ತಿದ್ದುವವನು ಮಾಡುವ ತಪ್ಪೇ ಇದು? ನಾನೂ ಕಣ್ಣು ಹಾಯಿಸದೆ ಒಪ್ಪಿಸಿಬಿಟ್ಟೆ.

ಶುದ್ಧಪ್ರತಿ ನೋಡಿಯೇ ಎಲ್ಲ ಹೊಂದಿಸುವುದಲ್ಲವೇ, ಚಿತ್ರೀಕರಣದ ದಿನ ಯಾರೂ ಮಗುವನ್ನು ಕರೆತಂದಿರಲಿಲ್ಲ. ದೊಡ್ಡವರು ಕೆಂಡವಾದರು. ಶುದ್ಧಪ್ರತಿಯಿಂದ ಟೈಪ್ ಮಾಡಿದ ಹಾಳೆ ತರಿಸಿ ನೋಡಿದರು, ಇದನ್ನು ತಿದ್ದಿದವರು ಯಾರು ಎಂದು ಕೇಳಿದರು. ಕೆಲಸ ಹೋಯಿತು ಅಂದುಕೊಂಡು ಬಾಯಿಗೆ ಬಂದದ್ದು ಹೇಳಿದೆ: ಬೇಕೆಂದೇ ನಾನು ತಿದ್ದಿದೆ, ಏಳು ವರ್ಷ ಬಿಟ್ಟುಹೋದ ಗಂಡ ಬಾಗಿಲಿಗೆ ಬಂದಾಗ ಅವಳು ನಕ್ಕರೆ ಸಾಕು ಅನಿಸಿತು ಎಂದೆ. ಅವರು ನಟಿಗೆ ನಗಲು ಹೇಳಿದರು. ಆಮೇಲೆ ಆ ನಗುವಿಗೆ ಜನ ಏನೇನು ಅರ್ಥ ಹಚ್ಚಿದರು! ಚಿತ್ರ ಮುಗಿಯುವಷ್ಟರಲ್ಲಿ ನಾನು ಸಹಾಯಕ ನಿರ್ದೇಶಕಿ, ಮೂರು ವರ್ಷಕ್ಕೆ ನನ್ನದೇ ಚಿತ್ರ. ಈಗ ಏಳನೆಯದು ಶುರುವಾಗಬೇಕು.

ಎಲ್ಲ ಸಂದರ್ಶನದಲ್ಲೂ ಆ ಕಥೆಗೆ ಉಪ್ಪು ಖಾರ ಹಚ್ಚಿ ಹೇಳಿದ್ದೇನೆ. ನೀನು ಪಕ್ಕದಲ್ಲೇ ಕೂತು ಕೇಳಿದ್ದೂ ಉಂಟು. ತುಟಿ ಪಿಟಕ್ಕೆನ್ನಲಿಲ್ಲ. ಒಳಗೊಳಗೇ ನನ್ನನ್ನು ಆಡಿಕೊಳ್ಳುತ್ತಿದ್ದೀಯ ಎಂದು ನಾನು ಸಿಡುಕಿದೆ. ಸಿಡುಕಿ ಸಿಡುಕಿಯೇ ಮನೆ ಎರಡಾಯಿತು.

ನನ್ನ ದುಂಡಕ್ಷರ ಚಿತ್ರರಂಗದಲ್ಲಿ ಎಲ್ಲರಿಗೂ ಗೊತ್ತು. ಎಡಕ್ಕೆ ವಾಲುವ ನಿನ್ನ ಬರಹ ನೋಡಿದರೆ ಮೊದಲನೇ ದಿನವೇ ಯಾರೋ ಒಬ್ಬರು ಹಿಡಿಯುತ್ತಾರೆ. ಆಮೇಲೆ ನನ್ನ ಆರು ಚಿತ್ರಗಳಲ್ಲಿ ನನ್ನದೆಷ್ಟು, ಬೇರೆಯವರದೆಷ್ಟು ಎಂದು ಕೆದಕುತ್ತಾರೆ. ಹಾಗಾಗಿ ನಾಚಿಕೆ ಬಿಟ್ಟು ಕೇಳುತ್ತಿದ್ದೇನೆ. ಫೋಟೊ ಮಸುಕಾಗಿದೆ, ಅಚ್ಚಿಗೆ ಬರುವುದಿಲ್ಲ ಎಂದು ಕರಡಿನಲ್ಲಿ ಒಂದು ಸಾಲು ಬರೆದು ಆ ಪುಟ ತೆಗೆಸಿಬಿಡು. ನೀನು ಬರೆದರೆ ಯಾರೂ ಎದುರಾಡುವುದಿಲ್ಲ.

ಸೋಮವಾರದೊಳಗೆ ತಲುಪಲಿ ಎಂದು ಇಂದೇ ಅಂಚೆಗೆ ಹಾಕುತ್ತಿದ್ದೇನೆ.

ನಿನ್ನ (ಇನ್ನೂ ಹಾಗೆ ಬರೆಯಬಹುದಾದರೆ)
ದುಂಡಕ್ಷರ

ತಾ.ಕ.: ಲಕೋಟೆ ಅಂಟಿಸುವ ಮೊದಲು ನಿನ್ನ ಹನ್ನೆರಡು ಪುಟಗಳನ್ನು ಮೂಲದ ಪಕ್ಕದಲ್ಲಿಟ್ಟು ಓದಿದೆ. ಇಷ್ಟು ವರ್ಷದಲ್ಲಿ ಇದೇ ಮೊದಲು. ಮೂಲದಲ್ಲಿ 'ಮಗು' ಮೂರು ಕಡೆ ಇದೆ. ನಿನ್ನ ಪ್ರತಿಯಲ್ಲಿ ಒಂದು ಕಡೆಯೂ ಇಲ್ಲ. ಪಕ್ಕದ ಮನೆಯಲ್ಲಿ ಮಗು ಅಳುವ ಸದ್ದನ್ನು ಬೆಕ್ಕಿನ ಸದ್ದು ಮಾಡಿದ್ದೀಯ. ಹಗ್ಗದ ಮೇಲಿನ ಮಗುವಿನ ಅಂಗಿಯನ್ನು ಬರೀ ಅಂಗಿ ಮಾಡಿದ್ದೀಯ. ಆ ವಾರ ನನಗೆ ಜ್ವರ ಇರಲಿಲ್ಲ. ನಾವಿಬ್ಬರೂ ಹೆರಿಗೆ ಆಸ್ಪತ್ರೆಯಿಂದ ಬರಿಗೈಯಲ್ಲಿ ಮನೆಗೆ ಬಂದಿದ್ದೆವು, ಜ್ವರ ಎಂದು ಎಲ್ಲರಿಗೂ ಹೇಳಿದವನು ನೀನೇ. ಒಪ್ಪಿಸುವ ಮೊದಲು ನಾನು ಓದುತ್ತೇನೆ, ಆಗ 'ಮಗು' ಎಂಬ ಪದ ನನ್ನ ಕಣ್ಣಿಗೆ ಬೀಳದಿರಲಿ ಎಂದುಕೊಂಡೆಯಾ? ನಾನು ಓದಲೇ ಇಲ್ಲ. ಆ ಪುಟ ತೆಗೆಸಬೇಡ. ಅದರ ಕೆಳಗೆ ನಿನ್ನ ಹೆಸರು ಹಾಕಿಸು, ಯಾಕೆಂದು ಮುನ್ನುಡಿಯಲ್ಲಿ ನಾನು ಬರೆಯುತ್ತೇನೆ.